ಕನಸುಗಳ ದಿನಚರಿ

ಬೆಳಗಿನ ಜಾವದಲ್ಲಿ ಹುಲ್ಲಿನ ತುದಿಯ ಮೇಲೆ ಹೊಳೆಯುವ ಇಬ್ಬನಿಯು ಬಿಸಿಲೇರುವುದರೊಳಗೆ ಮಾಯವಾಗುತ್ತದೆ. ಮನುಷ್ಯನು ಕಾಣುವ ಕನಸಿನ ಗತಿಯೂ ಹೆಚ್ಚು ಕಡಿಮೆ ಅದೇ. ಎಚ್ಚರವಾದ ಕ್ಷಣದಲ್ಲಿ ಕಣ್ಣಿಗೆ ಕಟ್ಟಿದಂತಿದ್ದ ಕನಸು ಹಾಸಿಗೆ ಮಡಿಸುವಾಗ ಮಸುಕಾಗುತ್ತದೆ. ಮುಖ ತೊಳೆದು ಬರುವಷ್ಟರಲ್ಲಿ ಮುಕ್ಕಾಲು ಪಾಲು ಮರೆತು ಹೋಗಿರುತ್ತದೆ. ಕೊನೆಗೆ ಉಳಿಯುವುದು ಏನೋ ಒಂದು ಕನಸು ಬಿದ್ದಿತ್ತು ಎಂಬ ನೆನಪು ಮಾತ್ರ. ಕನ್ನಡಿಯೊಳಗಿನ ಗಂಟನ್ನು ಹಿಡಿಯಲು ಹೊರಟವನಿಗೂ ಕನಸನ್ನು ಹಿಡಿಯಲು ಹೊರಟವನಿಗೂ ಹೆಚ್ಚಿನ ವ್ಯತ್ಯಾಸವಿಲ್ಲವೆಂದು ಜನ ನಗುವುದುಂಟು.

ಆದರೂ ಈ ಜಾರಿಹೋಗುವ ವಸ್ತುವನ್ನು ಹಿಡಿದಿಡಲು ಯತ್ನಿಸಿದವರು ಲೋಕದಲ್ಲಿ ಇದ್ದಾರೆ. ಅಂಥವರಲ್ಲಿ ಒಬ್ಬನು ಕನ್ನಡ ನಾಡಿನಲ್ಲಿಯೇ, ಕಾವೇರಿಯ ದ್ವೀಪವಾದ ಶ್ರೀರಂಗಪಟ್ಟಣದಲ್ಲಿ, ರಾಜ್ಯವಾಳುತ್ತಿದ್ದನು. ಅವನೇ ಟಿಪ್ಪು ಸುಲ್ತಾನ. ಯುದ್ಧ, ಸಂಧಿ, ಕಂದಾಯ, ಆಯುಧಗಳ ತಯಾರಿಕೆ, ರೇಷ್ಮೆಯ ಬೆಳೆ, ಪರರಾಷ್ಟ್ರಗಳೊಡನೆ ಪತ್ರವ್ಯವಹಾರ, ಇಷ್ಟೆಲ್ಲ ಕಾರ್ಯಗಳ ನಡುವೆ ಈ ದೊರೆಯು ತಾನು ಕಂಡ ಕನಸುಗಳನ್ನು ತನ್ನ ಕೈಯಾರೆ ಒಂದು ಪುಸ್ತಕದಲ್ಲಿ ಬರೆದಿಡುತ್ತಿದ್ದನು.

ಈ ಪುಸ್ತಕವು ಲೋಕಕ್ಕೆ ತಿಳಿದುಬಂದ ಸಂದರ್ಭವು ದುಃಖಕರವಾದುದು. 1799ನೆಯ ಇಸವಿಯ ಮೇ 4ರಂದು ಇಂಗ್ಲಿಷರ ಸೇನೆಯು ಶ್ರೀರಂಗಪಟ್ಟಣದ ಕೋಟೆಯನ್ನು ಭೇದಿಸಿ ಒಳಹೊಕ್ಕಿತು. ಟಿಪ್ಪು ಹೋರಾಡುತ್ತ ಮಡಿದನು. ಕೋಟೆ ವಶವಾದ ಮೇಲೆ ಗೆದ್ದವರು ಅರಮನೆಯ ವಸ್ತುಗಳನ್ನೂ ಕಾಗದ ಪತ್ರಗಳನ್ನೂ ಶೋಧಿಸತೊಡಗಿದರು. ಅರಮನೆಯ ಶಯನಗೃಹದಲ್ಲಿದ್ದ ಬರವಣಿಗೆಯ ಪೆಟ್ಟಿಗೆಯಲ್ಲಿ, ಬೇರೆ ರಹಸ್ಯ ಪತ್ರಗಳ ಜೊತೆಗೆ, ಒಂದು ಚಿಕ್ಕ ಪುಸ್ತಕವು ಕರ್ನಲ್ ವಿಲಿಯಂ ಕರ್ಕ್‌ಪ್ಯಾಟ್ರಿಕ್ ಎಂಬ ಅಧಿಕಾರಿಗೆ ದೊರೆಯಿತು. ಆಗ ಟಿಪ್ಪುವಿನ ಮುನ್ಷಿಯಾಗಿದ್ದ ಹಬೀಬುಲ್ಲಾ ಅಲ್ಲಿಯೇ ಇದ್ದನು. ಇಂಥದೊಂದು ಪುಸ್ತಕವಿದೆಯೆಂದು ಅವನಿಗೆ ಗೊತ್ತಿತ್ತು. ಆದರೆ ಅದರೊಳಗೆ ಏನಿದೆಯೆಂದು ಅವನೂ ಎಂದೂ ಕಂಡಿರಲಿಲ್ಲ. ಸುಲ್ತಾನನು ಅದನ್ನು ಓದುವಾಗಲಾಗಲಿ ಅದರಲ್ಲಿ ಬರೆಯುವಾಗಲಾಗಲಿ ಯಾರಾದರೂ ಸಮೀಪಕ್ಕೆ ಬಂದರೆ ಅದನ್ನು ಮರೆಮಾಡಲು ಕಾತರಪಡುತ್ತಿದ್ದನಂತೆ. ನಿತ್ಯವೂ ದೊರೆಯ ಪತ್ರಗಳನ್ನು ಬರೆಯುತ್ತಿದ್ದ ಮುನ್ಷಿಗೂ ಕಾಣಿಸದಿದ್ದ ಪುಟಗಳು, ದೊರೆ ಸತ್ತ ಮೇಲೆ ಅವನ ಶತ್ರುಗಳ ಮುಂದೆ ತೆರೆದುಕೊಂಡವು.

ಮರುವರ್ಷ, ಎಂದರೆ 1800ರಲ್ಲಿ, ಗವರ್ನರ್ ಜನರಲ್ ವೆಲ್ಲೆಸ್ಲಿಯ ಹೆಸರಿನಲ್ಲಿ ಅಲೆಕ್ಸಾಂಡರ್ ಬೀಟ್ಸನ್ ಎಂಬ ಅಧಿಕಾರಿಯು ಈ ಪುಸ್ತಕವನ್ನು ಲಂಡನ್ನಿನಲ್ಲಿ ಈಸ್ಟ್ ಇಂಡಿಯಾ ಕಂಪನಿಯ ನಿರ್ದೇಶಕರಿಗೆ ಒಪ್ಪಿಸಿದನು. ಕಂಪನಿಯ ಗ್ರಂಥಭಂಡಾರದಲ್ಲಿ ಸೇರಿದ ಅದು ಇಂದು ಬ್ರಿಟಿಷ್ ಲೈಬ್ರರಿಯಲ್ಲಿದೆ. ಮಹಮೂದ್ ಹುಸೇನ್ ಎಂಬ ಇತಿಹಾಸಕಾರರು ಅದನ್ನು ಪಾರಸಿಯಿಂದ ಇಂಗ್ಲಿಷಿಗೆ ಅನುವಾದಿಸಿದರು. ಶ್ರೀರಂಗಪಟ್ಟಣದ ಶ್ರೀರಂಗನಾಥನ ದೇವಾಲಯದ ಸಮೀಪದಲ್ಲಿದ್ದ ಅರಮನೆಯು ಇಂದು ಉಳಿದಿಲ್ಲ. ಅದರ ಅಡಿಪಾಯದ ಅವಶೇಷಗಳು ಮಾತ್ರ ಕಾಣುತ್ತವೆ. ಕಲ್ಲು ಗಾರೆಗಳ ಅರಮನೆ ಅಳಿಯಿತು. ಅದರೊಳಗೆ ಮಲಗಿದ್ದವನ ಕನಸುಗಳು ಉಳಿದವು.

ಈ ಪುಸ್ತಕದಲ್ಲಿ ಸುಮಾರು 1785ರಿಂದ 1798ರವರೆಗಿನ ಅವಧಿಯ 37 ಕನಸುಗಳಿವೆ. ಹದಿಮೂರು ವರ್ಷಗಳಿಗೆ ಇಷ್ಟೇ ಕನಸುಗಳೆಂದರೆ, ಟಿಪ್ಪು ಪ್ರತಿದಿನವೂ ಬರೆಯುತ್ತಿರಲಿಲ್ಲ, ಮುಖ್ಯವೆಂದು ತೋರಿದುದನ್ನು ಮಾತ್ರ ಬರೆದನೆಂದು ಊಹಿಸಬಹುದು. ಭಾಷೆ ಪಾರಸಿ. ಬರೆಯುವ ಕ್ರಮದಲ್ಲಿ ಒಂದು ಅಚ್ಚುಕಟ್ಟಿದೆ. ಹಲವು ಕನಸುಗಳಿಗೆ ಮೊದಲು ತಿಂಗಳು, ತೇದಿ, ವರ್ಷಗಳು. ಎಷ್ಟೋ ವೇಳೆ ಆಗ ತಾನಿದ್ದ ಸ್ಥಳ. ಬಳಿಕ ಕನಸಿನ ವಿವರ. ಕೆಲವೆಡೆ ಕೊನೆಯಲ್ಲಿ ತನಗೆ ತೋರಿದ ಅರ್ಥ. ತೇದಿಗಳು ಅವನೇ ಜಾರಿಗೆ ತಂದಿದ್ದ ಪಂಚಾಂಗವನ್ನು ಅನುಸರಿಸಿವೆ. ಈ ನಾಡಿನ ಸಂವತ್ಸರಗಳಂತೆ ಅದರಲ್ಲಿಯೂ ಅರವತ್ತು ವರ್ಷಗಳ ಒಂದು ಚಕ್ರವಿತ್ತು. ವರ್ಷಗಳಿಗೂ ತಿಂಗಳುಗಳಿಗೂ ಅವನು ಹೊಸ ಹೆಸರುಗಳನ್ನಿಟ್ಟಿದ್ದನು.

ಒಂದು ಕನಸು 1786ರದು. ಆಗ ಟಿಪ್ಪು ಸವಣೂರಿನ ಕಡೆ, ದೇವಗಿರಿಯ ಸಮೀಪದಲ್ಲಿ, ಮರಾಠರ ಸೇನೆಗೆ ಎದುರಾಗಿ ಬೀಡುಬಿಟ್ಟಿದ್ದನು. ಕನಸಿನಲ್ಲಿ ಒಬ್ಬ ಅಪರಿಚಿತ ಸುಂದರ ತರುಣನು ಬಂದು ಅವನ ಬಳಿ ಕುಳಿತನು. ಸುಲ್ತಾನನು ಅವನೊಡನೆ ವಿನೋದದಿಂದ ಮಾತನಾಡಿದನು. ಮರುಕ್ಷಣವೇ, ಹೀಗೆ ಹಾಸ್ಯ ಮಾಡುವುದು ತನ್ನ ಪದ್ಧತಿಯಲ್ಲವಲ್ಲ ಎಂದುಕೊಂಡನು. ಸ್ವಲ್ಪ ಹೊತ್ತಿನಲ್ಲಿ ಆ ತರುಣನು ಎದ್ದು ನಾಲ್ಕು ಹೆಜ್ಜೆ ನಡೆದು ತಿರುಗಿಬಂದು, ರುಮಾಲಿನೊಳಗಿಂದ ಕೂದಲನ್ನು ಇಳಿಬಿಟ್ಟಾಗ ಗಂಡಿನ ವೇಷದಲ್ಲಿದ್ದವಳು ಹೆಂಗಸೆಂದು ತಿಳಿಯಿತು. ಅಷ್ಟರಲ್ಲಿ ಬೆಳಗಾಗಿ ಎಚ್ಚರವಾಯಿತು. ಈ ಕನಸನ್ನು ಟಿಪ್ಪು ಮುಚ್ಚಿಡದೆ ತನ್ನವರಿಗೆ ಹೇಳಿದನು. ಎದುರಾಳಿಗಳು ಗಂಡುವೇಷ ಧರಿಸಿದ್ದಾರೆಯೇ ಹೊರತು ಕಾದಾಟದಲ್ಲಿ ನಿಲ್ಲಲಾರರು ಎಂದು ಅರ್ಥ ಹೇಳಿದನು. ಒಂದೆರಡು ದಿನಗಳಲ್ಲಿ ಅವನು ಕೆಲವು ನೂರು ಜನರೊಡನೆ ಮರಾಠರ ಬೀಡಿನ ಮೇಲೆ ಹಠಾತ್ತನೆ ಬಿದ್ದು ಅವರನ್ನು ಚದುರಿಸಿದನು. ಆ ಗೆಲುವನ್ನೂ ಕನಸಿನ ಕೆಳಗೆಯೇ ಬರೆದುಕೊಂಡನು.

ಇಲ್ಲಿ ಕನಸು ಫಲಿಸಿತೆಂದು ಹೇಳುವುದು ಸುಲಭ. ಆದರೆ ವಿಚಾರ ಮಾಡಿದರೆ ಬೇರೊಂದು ಸಂಗತಿ ಕಾಣುತ್ತದೆ. ಕನಸಿನಲ್ಲಿ ಬಂದಾಕೆ ಓಡಲಿಲ್ಲ, ಹೆದರಲೂ ಇಲ್ಲ. ಸುಲ್ತಾನನ ಸಮ್ಮುಖದಲ್ಲಿ ಧೈರ್ಯವಾಗಿ ನಿಂತಳು. ಹೆಂಗಸೆಂದರೆ ದುರ್ಬಲಳೆಂಬ ಭಾವನೆಯು ಕನಸಿನಲ್ಲಿರಲಿಲ್ಲ. ಅದು ಎಚ್ಚರವಾದ ಮೇಲೆ ಸೇರಿಕೊಂಡಿತು. ಅದು ಆ ಕಾಲದ ಜನರಲ್ಲಿ ಬೇರೂರಿದ್ದ ಭಾವನೆ. ಟಿಪ್ಪುವಿನ ತಂದೆ ಹೈದರಾಲಿಯ ಸೈನಿಕರನ್ನು ಚಿತ್ರದುರ್ಗದ ಕಿಂಡಿಯಲ್ಲಿ ಒನಕೆ ಹಿಡಿದು ತಡೆದ ಓಬವ್ವನ ಕಥೆಯನ್ನು ಬಲ್ಲ ನಾಡಿಗೆ ಈ ಅರ್ಥವು ಒಪ್ಪಿಗೆಯಾಗುವುದಿಲ್ಲ.

ಇನ್ನೊಂದು ಕನಸು ಇದಕ್ಕಿಂತ ವಿಚಿತ್ರವಾದುದು. ಅದು ತಿರುವಾಂಕೂರಿನ ರಕ್ಷಣಾ ಕೋಟೆಸಾಲಿನ ಮೇಲೆ ದಂಡೆತ್ತಿ ಹೋಗುವುದಕ್ಕೆ ಮುಂಚೆ ಕಂಡದ್ದು. ಆ ರಾತ್ರಿ ಮಲಗುವ ಮೊದಲು ಟಿಪ್ಪು ಪ್ರಾರ್ಥನೆ ಸಲ್ಲಿಸಿ, ಶತ್ರುದೇಶದವರೆಲ್ಲರೂ ತನ್ನ ಮತಕ್ಕೆ ಬರುವಂತಾಗಲೆಂದು ಬೇಡಿಕೊಂಡಿದ್ದನು. ಬೆಳಗಿನ ಜಾವದ ಕನಸಿನಲ್ಲಿ ಅವನ ಸೇನೆಯು ಕಾಡನ್ನು ದಾಟಿ ಬೀಡುಬಿಟ್ಟಿತ್ತು. ದಾರಿಯಲ್ಲಿ ಕರುವಿನೊಡನೆ ಒಂದು ಹಸು ಕಾಣಿಸಿತು. ಆದರೆ ಅದರ ಮುಖವೂ ಹಲ್ಲುಗಳೂ ಪಟ್ಟೆಹುಲಿಯಂತಿದ್ದವು. ಮುಂಗಾಲುಗಳು ಹಸುವಿನವು, ಹಿಂಗಾಲುಗಳು ಇರಲೇ ಇಲ್ಲ. ಎಚ್ಚರವಾದ ಮೇಲೆ ಟಿಪ್ಪು ಇದಕ್ಕೆ ಅರ್ಥವನ್ನು ಒಂದೊಂದಾಗಿ ಬಿಡಿಸಿದನು. ಶತ್ರುಗಳು ನೋಡುವುದಕ್ಕೆ ಹುಲಿ, ವಾಸ್ತವವಾಗಿ ಹಸು. ಮುಂಗಾಲಿನ ಅಲುಗಾಟವೆಂದರೆ ಅವರು ಅಲ್ಪಸ್ವಲ್ಪ ಪ್ರತಿಭಟಿಸಿಯಾರು. ಹಿಂಗಾಲಿಲ್ಲವೆಂದರೆ ಅವರ ನೆರವಿಗೆ ಯಾರೂ ಬರಲಾರರು.

ಇತಿಹಾಸವು ಬೇರೆ ದಾರಿ ಹಿಡಿಯಿತು. 1789ರ ಡಿಸೆಂಬರಿನ ಕೊನೆಯಲ್ಲಿ ಟಿಪ್ಪು ನಡೆಸಿದ ದಾಳಿಯನ್ನು ತಿರುವಾಂಕೂರಿನವರು ಹಿಮ್ಮೆಟ್ಟಿಸಿದರು. ಮರುವರ್ಷ ಅವನು ಆ ಗೋಡೆಯನ್ನು ಒಡೆದನಾದರೂ ಗೆಲುವನ್ನು ಉಳಿಸಿಕೊಳ್ಳಲಾಗಲಿಲ್ಲ. ಏಕೆಂದರೆ ಹಿಂಗಾಲುಗಳು ಇಲ್ಲವೆಂದುಕೊಂಡಿದ್ದ ಕಡೆಯೇ ಬಲವಾದ ನೆರವು ನಿಂತಿತ್ತು. ತಿರುವಾಂಕೂರು ತಮ್ಮ ಮಿತ್ರರಾಜ್ಯವೆಂಬ ಕಾರಣ ಮುಂದಿಟ್ಟು ಇಂಗ್ಲಿಷರು ಯುದ್ಧ ಹೂಡಿದರು. ಮರಾಠರೂ ಹೈದರಾಬಾದಿನ ನಿಜಾಮನೂ ಅವರೊಡನೆ ಸೇರಿದರು. ಇದೇ ಮೂರನೆಯ ಮೈಸೂರು ಯುದ್ಧ. 1792ರಲ್ಲಿ ಅದು ಮುಗಿದಾಗ ಟಿಪ್ಪು ತನ್ನ ರಾಜ್ಯದ ಅರ್ಧ ಭಾಗವನ್ನು ಬಿಟ್ಟುಕೊಟ್ಟು, 3 ಕೋಟಿ 30 ಲಕ್ಷ ರೂಪಾಯಿ ದಂಡ ತೆರಲು ಒಪ್ಪಿ, ತನ್ನ ಇಬ್ಬರು ಚಿಕ್ಕ ಮಕ್ಕಳನ್ನು ಒತ್ತೆಯಾಗಿ ಇಂಗ್ಲಿಷರ ವಶಕ್ಕೆ ಒಪ್ಪಿಸಬೇಕಾಯಿತು.

ಕನಸು ಸುಳ್ಳಾಯಿತೇ? ಕನಸು ಏನನ್ನೂ ಹೇಳಿರಲಿಲ್ಲ. ಹುಲಿಯ ಮುಖದ ಹಸುವೊಂದು ಕಾಣಿಸಿತ್ತು, ಅಷ್ಟೆ. ಸುಳ್ಳಾದದ್ದು ಅದಕ್ಕೆ ಹಚ್ಚಿದ ಅರ್ಥ. ಮನಸ್ಸು ಗೆಲುವನ್ನು ಬಯಸುತ್ತಿತ್ತು. ಕಂಡದ್ದೆಲ್ಲ ಗೆಲುವಿನ ಕುರುಹಾಗಿ ತೋರಿತು. ಬೇರೊಂದು ಕನಸಿನಲ್ಲಿ ಮೂರು ಬೆಳ್ಳಿಯ ತಟ್ಟೆಗಳಲ್ಲಿ ತಾಜಾ ಖರ್ಜೂರದ ಹಣ್ಣುಗಳು ಬಂದಾಗ ತನ್ನ ಮೂವರು ವೈರಿಗಳ ರಾಜ್ಯಗಳು ಕೈಸೇರುವುವೆಂದು ಅವನು ತಿಳಿದನು. ಮತ್ತೊಂದರಲ್ಲಿ ಚೀನಾ ದೇಶದ ಚಕ್ರವರ್ತಿಯ ಕಡೆಯಿಂದ ದೂತರು ಒಂದು ಬಿಳಿಯ ಆನೆಯನ್ನು ತಂದರು. ಹಿಂದೆ ಅಲೆಕ್ಸಾಂಡರನಿಗೆ ಬಿಟ್ಟರೆ ಇಂಥ ಕಾಣಿಕೆ ಮತ್ತಾರಿಗೂ ಸಂದಿರಲಿಲ್ಲವೆಂಬ ಮಾತು ಆ ಕನಸಿನಲ್ಲಿ ಬರುತ್ತದೆ. ಸುತ್ತಲೂ ಶತ್ರುಗಳಿದ್ದು ಸ್ನೇಹಿತರಿಗಾಗಿ ದೂರದೂರದ ದೇಶಗಳಿಗೆ ರಾಯಭಾರಿಗಳನ್ನು ಕಳುಹಿಸುತ್ತಿದ್ದ ದೊರೆಯ ಮನಸ್ಸಿನ ಹಂಬಲವು ಈ ಬಿಳಿಯ ಆನೆಯಲ್ಲಿ ಕಾಣಿಸುತ್ತದೆ.

ಪುಸ್ತಕದಲ್ಲಿ ಪರಮತದವರನ್ನು ಕುರಿತ ಕಠಿಣವಾದ ಮಾತುಗಳಿವೆ. ಅದೇ ಪುಸ್ತಕದಲ್ಲಿ ಇನ್ನೊಂದು ಬಗೆಯ ಕನಸೂ ಇದೆ. ಅದರಲ್ಲಿ ಟಿಪ್ಪು ಹಿಂಭಾಗವು ಕೊಂಚ ಜಖಂಗೊಂಡ ಒಂದು ದೊಡ್ಡ ದೇವಾಲಯವನ್ನು ಪ್ರವೇಶಿಸುತ್ತಾನೆ. ಒಳಗಿನ ವಿಗ್ರಹಗಳು ಜೀವಂತ ಮನುಷ್ಯರಂತೆ ಕಣ್ಣು ಚಲಿಸಿ ನೋಡುತ್ತವೆ. ಕೊನೆಯ ಸಾಲಿನಲ್ಲಿ ಎರಡು ಸ್ತ್ರೀವಿಗ್ರಹಗಳು. ಅವುಗಳಲ್ಲೊಂದು ತಾವು ಬಹುಕಾಲದಿಂದ ದೇವರನ್ನು ಪ್ರಾರ್ಥಿಸುತ್ತಿರುವುದಾಗಿ ನುಡಿಯುತ್ತದೆ. ಸುಲ್ತಾನನು ದೇವರ ಸ್ಮರಣೆಯಲ್ಲಿಯೇ ಇರುವಂತೆ ಅದಕ್ಕೆ ಹೇಳಿ, ಶಿಥಿಲವಾದ ಕಟ್ಟಡವನ್ನು ದುರಸ್ತಿ ಮಾಡುವಂತೆ ತನ್ನ ಜನರಿಗೆ ಆಜ್ಞೆ ಮಾಡುತ್ತಾನೆ. ಅಷ್ಟರಲ್ಲಿ ಎಚ್ಚರವಾಗುತ್ತದೆ. ಈ ಪುಸ್ತಕವನ್ನು ಓದುವವನು ಒಂದು ಕನಸನ್ನು ಎತ್ತಿಹಿಡಿದು ಇನ್ನೊಂದನ್ನು ಬಚ್ಚಿಡಬಾರದು. ಒಬ್ಬ ಮನುಷ್ಯನ ಮನಸ್ಸು ಒಂದೇ ಬಣ್ಣದ ಬಟ್ಟೆಯಲ್ಲ. ಅದರಲ್ಲಿ ಹಲವು ಬಣ್ಣದ ನೂಲುಗಳು ಹೆಣೆದುಕೊಂಡಿರುತ್ತವೆ.

ಇತಿಹಾಸಕಾರನಿಗೆ ಈ ಪುಸ್ತಕದಿಂದಾಗುವ ಪ್ರಯೋಜನ ಇದೇ. ಶಾಸನಗಳೂ ಸಂಧಿಪತ್ರಗಳೂ ದೊರೆಯು ಏನು ಮಾಡಿದನೆಂಬುದನ್ನು ಹೇಳುತ್ತವೆ. ಅವನು ಏನನ್ನು ಬಯಸಿದನು, ಯಾವುದಕ್ಕೆ ಅಂಜಿದನು ಎಂಬುದನ್ನು ಕನಸಿನ ಪುಟಗಳು ಸೂಚಿಸುತ್ತವೆ. ಗಿರೀಶ ಕಾರ್ನಾಡರು ಈ ಕಡತದಿಂದ ಪ್ರೇರಣೆ ಪಡೆದು ‘ಟಿಪ್ಪು ಸುಲ್ತಾನ ಕಂಡ ಕನಸು’ ಎಂಬ ನಾಟಕವನ್ನು ಬರೆದರು. ಹೀಗೆ ಲಂಡನ್ನಿಗೆ ಹೋದ ಪುಸ್ತಕದ ಕನಸುಗಳು ರಂಗಭೂಮಿಯ ಮೂಲಕ ಕನ್ನಡಕ್ಕೆ ಮರಳಿದವು.

ಕನಸುಗಳು ಇಷ್ಟು ಬೇಗ ಮರೆಯಾಗುವುದೇಕೆ ಎಂಬ ಪ್ರಶ್ನೆಗೆ ವಿಜ್ಞಾನವು ಸ್ವಲ್ಪ ಮಟ್ಟಿಗೆ ಉತ್ತರ ಹೇಳಿದೆ. 1953ರಲ್ಲಿ ಅಮೆರಿಕದ ಚಿಕಾಗೋ ವಿಶ್ವವಿದ್ಯಾನಿಲಯದ ಅಸೆರಿನ್‌ಸ್ಕಿ ಮತ್ತು ಕ್ಲೈಟ್‌ಮನ್ ಎಂಬ ಸಂಶೋಧಕರು, ಮಲಗಿದವರ ಕಣ್ಣುಗಳು ಕೆಲವು ಹೊತ್ತುಗಳಲ್ಲಿ ಮುಚ್ಚಿದ ರೆಪ್ಪೆಗಳ ಕೆಳಗೆ ಶೀಘ್ರವಾಗಿ ಚಲಿಸುವುದನ್ನು ಪ್ರಕಟಪಡಿಸಿದರು. ಆ ಸಮಯದಲ್ಲಿ ಎಬ್ಬಿಸಿದರೆ ಹೆಚ್ಚಿನವರು ಕನಸು ಕಾಣುತ್ತಿದ್ದುದಾಗಿ ಹೇಳುತ್ತಾರೆ. ಇಂಥ ನಿದ್ರೆಯು ಸುಮಾರು ಒಂದೂವರೆ ಗಂಟೆಗೊಮ್ಮೆ, ರಾತ್ರಿಯಲ್ಲಿ ನಾಲ್ಕೈದು ಬಾರಿ ಬರುತ್ತದೆ. ಬೆಳಗಿನ ಜಾವದಲ್ಲಿ ಅದರ ಅವಧಿ ಹೆಚ್ಚು. ಆಗ ಮಿದುಳಿನಲ್ಲಿ ಹೊಸ ನೆನಪುಗಳನ್ನು ನಾಟಿಸುವ ವ್ಯವಸ್ಥೆಯು ಎಚ್ಚರದಲ್ಲಿರುವಂತೆ ಕೆಲಸ ಮಾಡುವುದಿಲ್ಲ. ಆದುದರಿಂದ ಕನಸು ಕಂಡು ಕೂಡಲೇ ಎಚ್ಚರಗೊಂಡು ಅದನ್ನು ಮೆಲುಕು ಹಾಕಿದವನಿಗೆ ಮಾತ್ರ ಅದು ದಕ್ಕುತ್ತದೆ.

ಅಭ್ಯಾಸದಿಂದ ಈ ನೆನಪು ಬೆಳೆಯುತ್ತದೆಂಬುದಕ್ಕೆ ಫ್ರಾನ್ಸ್ ದೇಶದ ಎರ್ವೆ ದ ಸ್ಯಾನ್ ದೆನಿ ನಿದರ್ಶನ. 1822ರಲ್ಲಿ ಜನಿಸಿದ ಇವನು ಸುಮಾರು ಹದಿಮೂರನೆಯ ವಯಸ್ಸಿನಲ್ಲಿ, ಎಂದರೆ ಪ್ರೌಢಶಾಲೆಯ ವಿದ್ಯಾರ್ಥಿಗಳ ವಯಸ್ಸಿನಲ್ಲಿ, ಕನಸುಗಳನ್ನು ಬರೆಯಲು ಮತ್ತು ಚಿತ್ರಿಸಲು ಆರಂಭಿಸಿದನು. ಮೊದಮೊದಲು ಎಷ್ಟೋ ರಾತ್ರಿಗಳ ಪುಟ ಬರಿದಾಗಿಯೇ ಉಳಿಯಿತು. ಬಿಡದೆ ಮುಂದುವರಿಸಿದಾಗ ನೆನಪು ಚುರುಕಾಗಿ, 1946 ರಾತ್ರಿಗಳ ಕನಸುಗಳು 22 ಪುಸ್ತಕಗಳಲ್ಲಿ ತುಂಬಿದವು. ಮುಂದೆ ಚೀನೀ ಭಾಷೆಯ ವಿದ್ವಾಂಸನಾದ ಅವನು 1867ರಲ್ಲಿ ಕನಸುಗಳನ್ನು ಕುರಿತು ಒಂದು ಗ್ರಂಥವನ್ನು ಪ್ರಕಟಿಸಿದನು.

ಕೇವಲ ಬರೆದರೆ ಸಾಲದು, ಸ್ಪಷ್ಟವಾಗಿ ಬರೆಯಬೇಕು ಎಂಬ ಪಾಠವನ್ನು ಕಲಿಸುವವನು ವಿಜ್ಞಾನಿ ಆಟೊ ಲೋವಿ. ಇವನು ಆಸ್ಟ್ರಿಯದ ಗ್ರಾಜ್ ನಗರದಲ್ಲಿ ಪ್ರಾಧ್ಯಾಪಕನಾಗಿದ್ದನು. ನರಗಳು ಹೃದಯಕ್ಕೆ ತಮ್ಮ ಆಜ್ಞೆಯನ್ನು ಹೇಗೆ ಮುಟ್ಟಿಸುತ್ತವೆ ಎಂಬುದು ಅವನ ಸಮಸ್ಯೆ. ಸುಮಾರು 1920ರ ಒಂದು ರಾತ್ರಿ ಅವನು ಎಚ್ಚರಗೊಂಡು, ಆಗ ಹೊಳೆದುದನ್ನು ಒಂದು ಚೂರು ಕಾಗದದ ಮೇಲೆ ಗೀಚಿ ಮತ್ತೆ ಮಲಗಿದನು. ಬೆಳಗ್ಗೆ ನೋಡಿದರೆ ತನ್ನ ಬರಹವನ್ನು ತಾನೇ ಓದಲಾರದೆ ಹೋದನು. ಇಡೀ ದಿನ ಯೋಚಿಸಿದರೂ ಅದು ನೆನಪಾಗಲಿಲ್ಲ. ಅದೃಷ್ಟವಶಾತ್ ಮರುರಾತ್ರಿ ಅದೇ ವಿಚಾರ ಮತ್ತೆ ಸುಳಿಯಿತು. ಈ ಸಲ ಅವನು ಕಾಗದವನ್ನು ನಂಬಲಿಲ್ಲ. ಎದ್ದು ನೇರವಾಗಿ ಪ್ರಯೋಗಶಾಲೆಗೆ ಹೋದನು. ಒಂದು ಕಪ್ಪೆಯ ಹೃದಯದ ನರವನ್ನು ಕೆರಳಿಸಿ ಅದರ ಬಡಿತವನ್ನು ತಗ್ಗಿಸಿದನು. ಆ ಹೃದಯವಿದ್ದ ದ್ರವವನ್ನು ಇನ್ನೊಂದು ಹೃದಯಕ್ಕೆ ಹಾಕಿದಾಗ ಅದರ ಬಡಿತವೂ ತಗ್ಗಿತು. ನರದ ಸಂದೇಶವನ್ನು ಒಂದು ರಾಸಾಯನಿಕ ವಸ್ತುವು ಒಯ್ಯುತ್ತದೆಂದು ಇದರಿಂದ ಸಿದ್ಧವಾಯಿತು. 1936ರಲ್ಲಿ ಅವನಿಗೆ ಹೆನ್ರಿ ಡೇಲ್ ಎಂಬ ವಿಜ್ಞಾನಿಯ ಜೊತೆಗೆ ನೊಬೆಲ್ ಪಾರಿತೋಷಕ ದೊರೆಯಿತು. ಟಿಪ್ಪು ತನ್ನ ಕನಸಿನ ಅರ್ಥವನ್ನು ನಂಬಿದನು. ಲೋವಿ ತನಗೆ ಹೊಳೆದುದನ್ನು ಪರೀಕ್ಷಿಸಿ ನೋಡಿದನು. ಇಬ್ಬರಿಗೂ ಇರುವ ಅಂತರ ಇಷ್ಟೇ, ಆದರೆ ಅದು ಸಣ್ಣ ಅಂತರವಲ್ಲ.

ಕನಸುಗಳ ದಿನಚರಿಯನ್ನು ಇಡಲು ಹೆಚ್ಚಿನ ಸಾಮಗ್ರಿ ಬೇಕಾಗಿಲ್ಲ. ತಲೆದಿಂಬಿನ ಪಕ್ಕದಲ್ಲಿ ಒಂದು ನೋಟು ಪುಸ್ತಕ, ಒಂದು ಸೀಸದ ಕಡ್ಡಿ ಇದ್ದರೆ ಸಾಕು. ಎಚ್ಚರವಾದೊಡನೆ ಏಳದೆ, ಕಣ್ಣು ಮುಚ್ಚಿಕೊಂಡೇ ಕನಸನ್ನು ಹಿಂದಿನಿಂದ ಮುಂದಕ್ಕೆ ಒಮ್ಮೆ ನೆನೆಯಬೇಕು. ಬಳಿಕ ತೇದಿಯನ್ನೂ ಸ್ಥಳವನ್ನೂ ಹಾಕಿ, ಕಂಡುದನ್ನು ಕಂಡಂತೆ ಬರೆಯಬೇಕು. ಅರ್ಧವೇ ನೆನಪಿದ್ದರೆ ಅರ್ಧವನ್ನೇ ಬರೆಯಬೇಕು. ಉಳಿದುದನ್ನು ಕಲ್ಪಿಸಿ ತುಂಬಿದರೆ ಅದು ಕಥೆಯಾಗುತ್ತದೆ, ದಾಖಲೆಯಾಗುವುದಿಲ್ಲ. ಕನಸಿನಲ್ಲಿ ಭಯವಾಯಿತೋ ಸಂತೋಷವಾಯಿತೋ ಎಂಬುದನ್ನೂ ಗುರುತಿಸಬೇಕು. ತನಗೆ ತೋರಿದ ಅರ್ಥವನ್ನು ಬರೆಯುವುದಾದರೆ ಒಂದು ಗೆರೆ ಎಳೆದು ಅದರ ಕೆಳಗೆ ಪ್ರತ್ಯೇಕವಾಗಿ ಬರೆಯಬೇಕು. ಕೆಲವು ತಿಂಗಳು ಕಳೆದ ಮೇಲೆ ಓದಿದಾಗ ಗೆರೆಯ ಮೇಲಿನದು ಹಾಗೆಯೇ ಇರುತ್ತದೆ. ಗೆರೆಯ ಕೆಳಗಿನದನ್ನು ನೋಡಿ ಬರೆದವನಿಗೇ ನಗು ಬಂದೀತು. ಆ ನಗುವು ವಿವೇಕದ ಮೊದಲ ಮೆಟ್ಟಿಲು. ಬರೆಯುವ ಗೀಳಿನಿಂದ ನಿದ್ರೆ ಕೆಡಿಸಿಕೊಳ್ಳುವುದು ಮಾತ್ರ ಸಲ್ಲದು. ಭಯಂಕರವಾದ ಕನಸು ಮತ್ತೆ ಮತ್ತೆ ಬಂದು ಪೀಡಿಸಿದರೆ ಅದನ್ನು ಪುಸ್ತಕದಲ್ಲಿ ಅಡಗಿಸದೆ ತಾಯಿತಂದೆಯರಿಗೋ ಗುರುಗಳಿಗೋ ಹೇಳಿಕೊಳ್ಳುವುದು ಒಳ್ಳೆಯದು.

ಇನ್ನೊಬ್ಬರ ದಿನಚರಿಯನ್ನು ಅವರ ಅನುಮತಿಯಿಲ್ಲದೆ ತೆರೆಯುವುದು ಸಭ್ಯತೆಯಲ್ಲ. ಟಿಪ್ಪುವಿನ ಪುಸ್ತಕವನ್ನು ತೆರೆದವರು ಅವನ ಅನುಮತಿಯನ್ನು ಕೇಳಲಿಲ್ಲ. ಕೇಳುವ ಕಾಲವೂ ಮೀರಿತ್ತು. ಹಾಗೆ ತೆರೆದ ಪುಟಗಳಲ್ಲಿ ಅವರಿಗೆ ಕಂಡದ್ದು ರಣರಂಗದಲ್ಲಿ ತಾವು ಎದುರಿಸಿದ ‘ಮೈಸೂರಿನ ಹುಲಿ’ ಅಲ್ಲ. ಮುರಿದ ದೇವಾಲಯದ ಮುಂದೆಯೂ ಬಿಳಿಯ ಆನೆಯ ಮುಂದೆಯೂ ಬೆರಗಿನಿಂದ ನಿಂತ ಒಬ್ಬ ಮನುಷ್ಯ. ಬೆಳಗಿನ ಮಸುಕಿನಲ್ಲಿ, ಸೇವಕರು ಬರುವ ಮೊದಲು, ಮರೆಯುವುದರೊಳಗೆ ಬರೆಯಬೇಕೆಂದು ಲೇಖನಿಯನ್ನು ಹಿಡಿದ ಮನುಷ್ಯ.

ಅಭ್ಯಾಸ

ಅ) ಒಂದು ವಾಕ್ಯದಲ್ಲಿ ಉತ್ತರಿಸಿ.
1. ಟಿಪ್ಪುವಿನ ಕನಸಿನ ಪುಸ್ತಕವು ಯಾವ ಭಾಷೆಯಲ್ಲಿದೆ?
2. ಅದು ಎಲ್ಲಿ, ಯಾರಿಗೆ ದೊರೆಯಿತು?
3. ಆಟೊ ಲೋವಿಯು ಮರುರಾತ್ರಿ ಕಾಗದವನ್ನು ಏಕೆ ನಂಬಲಿಲ್ಲ?

ಆ) ನಾಲ್ಕೈದು ವಾಕ್ಯಗಳಲ್ಲಿ ಉತ್ತರಿಸಿ.
1. ಹುಲಿಮುಖದ ಹಸುವಿನ ಕನಸಿಗೆ ಟಿಪ್ಪು ಹೇಳಿದ ಅರ್ಥವೇನು? ಅದು ಹೇಗೆ ತಪ್ಪಾಯಿತು?
2. ಕನಸು ಬೇಗನೆ ಮರೆತು ಹೋಗಲು ಕಾರಣವೇನು?

ಇ) ಸಂದರ್ಭವನ್ನು ತಿಳಿಸಿ ವಿವರಿಸಿ.
1. “ಕನಸು ಏನನ್ನೂ ಹೇಳಿರಲಿಲ್ಲ.”
2. “ಮನುಷ್ಯನ ಮನಸ್ಸು ಒಂದೇ ಬಣ್ಣದ ಬಟ್ಟೆಯಲ್ಲ.”

ಈ) ಚಟುವಟಿಕೆ: ಒಂದು ವಾರ ಕನಸುಗಳ ದಿನಚರಿಯನ್ನು ಇಟ್ಟು, ಕಂಡುದನ್ನೂ ಅರ್ಥವನ್ನೂ ಬೇರೆ ಬೇರೆಯಾಗಿ ಬರೆಯಿರಿ.